ನಿಕನೋರ್ ದೊರೆಯನ್ನು ಊಟಕ್ಕೆ ಕರೆದದ್ದು

ನಾವು ಮಾಯಾ ಜನ; ನಮ್ಮ ಹಳ್ಳಿ ಚುನ್‌ಕೋಪೊದಲ್ಲಿ ಉಣ್ಣುತ್ತ ಕೂತವರು, ಮನೆಯ ಮುಂದೆ ಯಾರೇ ಹಾದುಹೋದರೂ "ಬನ್ನಿ, ಊಟ ಮಾಡೋಣ" ಎನ್ನಬೇಕು. ಹಾದುಹೋಗುವವರು, ಹೊಟ್ಟೆ ಎಷ್ಟೇ ಚುರುಗುಟ್ಟುತ್ತಿದ್ದರೂ, "ನಮ್ದು ಈಗಾಯ್ತು, ನೀವು ಮಾಡಿ" ಎನ್ನಬೇಕು. ಇಷ್ಟಾದರೆ ಎರಡೂ ಕಡೆಯ ಮರ್ಯಾದೆ ಉಳಿಯಿತು, ಗಡಿಗೆಯಲ್ಲಿದ್ದ ಕಾಳಿನ ಸಾರೂ ಉಳಿಯಿತು. ಈ ಏರ್ಪಾಡಿನಲ್ಲಿ ಇರುವ ಕೊರತೆ ಒಂದೇ. ಇದು ಬದುಕಿರುವವರ ನಡುವೆ ಮಾತ್ರ ನಡೆಯುತ್ತದೆ. ಸತ್ತವರಿಗೆ ಉಪಚಾರದ ಮಾತು ಯಾವುದು, ನಿಜವಾದ ಕರೆ ಯಾವುದು ಎಂದು ತಿಳಿಯುವುದಿಲ್ಲ. ಕರೆದರೆ ಬಂದೇ ಬಿಡುತ್ತಾರೆ. ಇದು ಊರಿನ ಹಸುಗೂಸಿಗೂ ಗೊತ್ತು. ನಿಕನೋರ್ ಕವಿಚ್‌ಗೂ ಗೊತ್ತಿತ್ತು, ಆದರೆ ಅವನ ನಾಲಿಗೆಗೆ ಯಾರೂ ಹೇಳಿರಲಿಲ್ಲ.

ನಿಕನೋರ್ ನನ್ನ ಪಕ್ಕದ ಮನೆಯವನು. ನಾನು ತೊಮಾಸಾ, ಗಂಡ ಹೋದ ಮೇಲೆ ಊರಿನ ಹಿಟ್ಟಿನ ಗಿರಣಿ ನಡೆಸುವವಳು. ಅವನು ಮೂರು ಗಾಲಿಯ ಸೈಕಲ್ಲಿನ ಮುಂದೆ ಹೆಂಗಸರನ್ನೂ ಅವರ ಬೇಯಿಸಿದ ಮೆಕ್ಕೆಜೋಳದ ಬಕೆಟ್ಟುಗಳನ್ನೂ ಕೂರಿಸಿಕೊಂಡು ನನ್ನ ಗಿರಣಿಗೆ ತುಳಿದು ತರುವವನು. ಅವನ ಮಗಳ ದೀಕ್ಷಾಸ್ನಾನದಲ್ಲಿ ಮಗುವನ್ನು ಎತ್ತಿ ಹಿಡಿದವಳು ನಾನಾದ್ದರಿಂದ ನಾನು ಅವನಿಗೆ ಕೊಮಾದ್ರೆ, ಅವನು ನನಗೆ ಕೊಂಪಾದ್ರೆ. ಈ ಸಂಬಂಧ ಒಡಹುಟ್ಟಿದವರದ್ದಕ್ಕಿಂತ ಗಟ್ಟಿ, ಏಕೆಂದರೆ ಒಡಹುಟ್ಟಿದವರೊಡನೆ ಜಗಳವಾಡಬಹುದು.

ದಾರಿಯುದ್ದಕ್ಕೂ ಎಲ್ಲರನ್ನೂ ಊಟಕ್ಕೆ ಕರೆಯುವುದು ಅವನ ಚಾಳಿ. ಮನೆಯಲ್ಲಿ ಏನಿದೆ, ಏನಿಲ್ಲ ಎಂಬ ವಿಚಾರ ಅವನಿಗಿಲ್ಲ. ಒಮ್ಮೆ ಬಾಕಿ ಕಟ್ಟಲಿಲ್ಲವೆಂದು ಕರೆಂಟು ತೆಗೆಯಲು ಬಂದವನನ್ನೂ ಕರೆದ. ಬಂದವನು ಹೊರಗಿನವನು. ಕೂತ, ಉಂಡ, ಕೈ ತೊಳೆದ, ಆಮೇಲೆ ಕಂಬ ಹತ್ತಿ ತಂತಿ ಕತ್ತರಿಸಿದ. "ಪಾಪ, ಬಹಳ ಹಸ್ದಿದ್ದ," ಎಂದು ಕತ್ತಲಲ್ಲಿ ಕೂತು ನಿಕನೋರ್ ಮರುಗಿದ.

ಶಾಲೆಯ ಮಾಡು ಸೋರುತ್ತದೆಂದು ಅಕ್ಟೋಬರಿನಲ್ಲಿ ಚೀಟಿ ಎತ್ತಿದರು. ಮೊದಲ ಬಹುಮಾನ ಹಂದಿ. ಎರಡನೆಯದು ಯಾವುದೋ ಪ್ರವಾಸದ ಕಂಪನಿ ಕೊಟ್ಟ ಎರಡು ಟಿಕೆಟ್ಟು. ಚಕ್‌ಮುಲ್‌ನ ಹಳೆಯ ಅರಮನೆ, ಗುಡಿಗಳಿಗೆ ಗೈಡಿನ ಸಮೇತ ಒಂದು ದಿನದ ಪ್ರವಾಸ. ನಿಕನೋರ್ ಹಂದಿಯ ಆಸೆಗೆ ಚೀಟಿ ಕೊಂಡ, ಬಂದದ್ದು ಟಿಕೆಟ್ಟು. ಚಕ್‌ಮುಲ್ ನಮ್ಮೂರಿಂದ ಒಂದು ತಾಸಿನ ದಾರಿ. ಲೋಕದ ಜನವೆಲ್ಲ ವಿಮಾನ ಹತ್ತಿ ಬಂದು ನೋಡುತ್ತಾರೆ, ಊರಿನವರು ಒಬ್ಬರೂ ನೋಡಿರಲಿಲ್ಲ.

"ಕಲ್ಲು ನೋಡೋಕೆ ಬಸ್ ಹತ್ತಬೇಕಾ?" ಎಂದಳು ಅವನ ಹೆಂಡತಿ ಬಸಿಲಿಯಾ. "ನಮ್ಮ ಹಿತ್ತಲಲ್ಲೇ ಬೇಕಾದಷ್ಟು ಬಿದ್ದಿದೆ. ಸತ್ತೋರು ಉಣ್ಣೋಕೆ ಬರೋ ಹಿರಿಯರ ಹಬ್ಬ ತಲೆ ಮೇಲೆ ಬಂದಿದೆ, ನನಗೆಲ್ಲಿ ಪುರುಸೊತ್ತು. ಅಕ್ಕ, ನೀವು ಹೋಗಿ ಬನ್ನಿ. ನೀವು ಕಲ್ಲು ನೋಡದೇ ಇದ್ರೂ ಪರವಾಗಿಲ್ಲ, ಇವರ ಬಾಯಿ ನೋಡ್ಕೊಳ್ಳಿ."

ನಾನು ನೋಡಿಕೊಂಡೆ. ಒಂದೇ ಒಂದು ಗಳಿಗೆ ಕಣ್ಣು ತಪ್ಪಿತು. ಆಗ ಚಪ್ಪಲಿಯೊಳಗೆ ಹೊಕ್ಕ ಹರಳು ತೆಗೆಯುತ್ತಿದ್ದೆ. ದೊಡ್ಡ ದೊಡ್ಡ ರಾಜ್ಯಗಳು ಮುಳುಗಿದ್ದೂ ಇಂಥ ಹರಳಿನಿಂದಲೇ ಇರಬೇಕು.

ಪ್ರವಾಸಿಯಾಗುವುದನ್ನು ನಿಕನೋರ್ ಬಹಳ ಗಂಭೀರವಾಗಿ ತೆಗೆದುಕೊಂಡಿದ್ದ. ಅಳಿಯನ ಕಪ್ಪು ಕನ್ನಡಕ, ಮದುವೆಯ ಬೂಟು, ಕುತ್ತಿಗೆಗೆ ದಾರ ಕಟ್ಟಿ ನೇತುಹಾಕಿದ ನೀರಿನ ಬಾಟಲಿ. ತಂಪು ಗಾಳಿಯ ಬಸ್ಸಿನಲ್ಲಿ ಬಿಳಿಯ ಜನರ ನಡುವೆ ಕೂತು, ಅವರು ಕಿಟಕಿಯಿಂದ ನೋಡಿದ್ದನ್ನೆಲ್ಲ ತಾನೂ ಮೊದಲ ಸಲ ನೋಡುವವನಂತೆ ನೋಡಿದ. ಅವರು ಒಂದು ಕತ್ತೆಯ ಫೋಟೋ ತೆಗೆದರು. ಆ ಕತ್ತೆ ಅವನ ಷಡ್ಡಕನದು. ಅದನ್ನೂ ಅವನು ಬೆರಗಿನಿಂದ ನೋಡಿದ.

ಗೈಡು ಅಲ್ದೋ ಎಂಬ ಮೆರಿದಾ ನಗರದ ತರುಣ, ಬಾಯಿಗೆ ಮೈಕು ಹಿಡಿದರೆ ಬಿಡುವವನಲ್ಲ. "ಮಾಯಾ ಜನ ಬಹಳ ಸಭ್ಯರಾಗಿದ್ದರು," ಎಂದು ಶುರುಮಾಡಿದ. "ಅತಿಥಿಗಳನ್ನು ಬಹಳ ಆದರಿಸುತ್ತಿದ್ದರು."

ನಿಕನೋರ್ ನನ್ನ ಕಿವಿಯ ಹತ್ತಿರ ಬಗ್ಗಿದ. "ಯಾವಾಗ ನಿಲ್ಲಿಸಿದ್ವಿ ಕೊಮಾದ್ರೆ?"

"ಬಾಯಿ ಮುಚ್ಕೊಂಡು ಕೇಳು," ಎಂದೆ.

ಚಕ್‌ಮುಲ್‌ನಲ್ಲಿ ಬಿಸಿಲು, ಕಲ್ಲು, ಮತ್ತೆ ಬಿಸಿಲು. ಹತ್ತಬಾರದು, ಮುಟ್ಟಬಾರದು, ಹಗ್ಗ ದಾಟಬಾರದು. ಕೊನೆಗೆ ಅಲ್ದೋ ನಮ್ಮನ್ನು ಅರಮನೆಯ ಒಂದು ಕೋಣೆಗೆ ಕರೆದೊಯ್ದ. ಒಳಗೆ ಗೋಡೆಯಲ್ಲಿ ಕೆತ್ತಿದ ದೊರೆ, ಮನುಷ್ಯನಷ್ಟೇ ಎತ್ತರ, ಪೀಠದ ಮೇಲೆ ಚಕ್ಕಳಮಕ್ಕಳ ಹಾಕಿ ಕೂತಿದ್ದಾನೆ. ತಲೆಯ ಮೇಲೆ ಗರಿಗಳ ಗುಡ್ಡ. ಒಂದು ಕೈ ಮಡಿಲಲ್ಲಿ, ಇನ್ನೊಂದು ಕೈ ಅಂಗೈ ಮೇಲೆ ಮಾಡಿ ಮುಂದಕ್ಕೆ ಚಾಚಿದೆ.

"ಈ ದೊರೆ ಊಟಕ್ಕೆ ಕೂತರೆ ಕಹಳೆ ಊದುತ್ತಿದ್ದರು," ಎಂದ ಅಲ್ದೋ. "ಬಡಿಸೋಕೆ ಬೇರೆ ಜನ, ರುಚಿ ನೋಡೋಕೆ ಬೇರೆ, ಬಾಯಿ ಒರೆಸೋಕೆ ಬೇರೆ. ಒಟ್ಟು ಮುನ್ನೂರು ಜನ ಸೇವಕರು. ಆದರೆ ವಂಶ ನಿರ್ವಂಶ ಆಯ್ತು. ಹೆಸರೂ ಯಾರಿಗೂ ಗೊತ್ತಿಲ್ಲ."

ಎಲ್ಲರೂ ಫೋಟೋ ತೆಗೆದು ಹೊರಗೆ ಹೋದರು. ಹಿಂದೆ ಉಳಿದವರು ನಾನು, ನನ್ನ ಹರಳು, ನಿಕನೋರ್. ತಲೆಯೆತ್ತಿ ನೋಡಿದರೆ ಅವನು ಕನ್ನಡಕ ತೆಗೆದು, ಟೋಪಿ ಎದೆಗೆ ಹಿಡಿದು, ದೊರೆಯ ಮುಂದೆ ನಿಂತಿದ್ದಾನೆ. ಆಮೇಲೆ ಕೇಳಿದಾಗ ಹೇಳಿದ. ಯಾರದೋ ಮನೆಗೆ ಬರಿಗೈಲಿ ಬಂದು, ಒಳಗೆಲ್ಲ ತಿರುಗಾಡಿ, ಮನೆಯವರು ಕೈ ಚಾಚಿ ಕೂತಿರುವಾಗ ಒಂದು ಮಾತೂ ಆಡದೆ ಹೊರಡುವುದು ಹೇಗೆ ಎಂದು ಅವನಿಗೆ ನಾಚಿಕೆಯಾಯಿತಂತೆ.

"ದೊರೆ, ಹಬ್ಬ ಹತ್ರ ಬಂತು," ಎನ್ನುತ್ತಿದ್ದ, ನಮ್ಮ ಮಾಯಾ ಮಾತಿನಲ್ಲೇ. "ಚುನ್‌ಕೋಪೊ, ಗಿರಣಿ ಪಕ್ಕದ ಮನೆ. ಊಟಕ್ಕೆ ಬನ್ನಿ. ನಿಮ್ಮವರನ್ನೂ ಕರ್ಕೊಂಡು ಬನ್ನಿ."

ದೊರೆಯ ಭುಜದ ಮೇಲೆ, ಬಾಗಿಲಿನಿಂದ ಬಿದ್ದ ಬಿಸಿಲು ಕಾಯುತ್ತ ಒಂದು ಉಡ ಕೂತಿತ್ತು. ಅದು ನಿಕನೋರನನ್ನು ನೋಡಿ ನಿಧಾನವಾಗಿ ಎರಡು ಸಲ ತಲೆಯಾಡಿಸಿತು.

ಉಡಗಳು ಯಾವಾಗಲೂ ತಲೆಯಾಡಿಸುತ್ತವೆ ಎಂದು ನನಗೂ ಗೊತ್ತು. ಆದರೂ ನಾನು ಎದೆಯ ಮೇಲೆ ಶಿಲುಬೆಯ ಗುರುತು ಹಾಕಿಕೊಂಡೆ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು.

ನಾವು ಊರಿಗೆ ಮರಳಿದಾಗ ಬಸಿಲಿಯಾ ಅಂಗಳದಲ್ಲಿ ಹಬ್ಬದ ಮೇಜಿಗೆ ಹಾಸುವ ಬಟ್ಟೆಯ ಮೇಲೆ ಹೂ ಕಸೂತಿ ಹಾಕುತ್ತಿದ್ದಳು. ನಾನೇ ಹೇಳಿದೆ. ಇಂಥ ಸುದ್ದಿಯನ್ನು ನಿಕನೋರನ ಬಾಯಿಗೆ ಬಿಟ್ಟರೆ ಅದು ಇನ್ನೂ ಹತ್ತು ಜನರನ್ನು ಕರೆದಿರುತ್ತಿತ್ತು.

"ನಿಮ್ಮವರನ್ನೂ ಅಂದ್ರಾ?" ಎಂದಳು ಗಂಡನಿಗೆ.

"ಒಬ್ಬನ್ನೇ ಬಾ ಅನ್ನೋದು ಚೆನ್ನಾಗಿರಲ್ಲ ಅಲ್ವಾ," ಎಂದ ಅವನು.

"ಎಷ್ಟು ಜನ ಅಕ್ಕ?"

"ಗೈಡು ಮುನ್ನೂರು ಅಂದ. ಗೈಡುಗಳು ಸ್ವಲ್ಪ ಹೆಚ್ಚೇ ಹೇಳ್ತಾರೆ ಬಿಡು," ಎಂದೆ.

ಅವಳು ಕೂಗಾಡುತ್ತಾಳೆಂದು ನಾವಿಬ್ಬರೂ ತಯಾರಾಗಿ ನಿಂತಿದ್ದೆವು. ಕೂಗಾಡಲಿಲ್ಲ. ಸೂಜಿಯನ್ನು ಬಟ್ಟೆಗೆ ಚುಚ್ಚಿ ಮಡಿಲಲ್ಲಿ ಇಟ್ಟುಕೊಂಡಳು. "ಹಾಗಾದ್ರೆ ಅಮ್ಮ ಬರಲ್ಲ," ಎಂದಳು.

ಇದನ್ನು ಹೇಳಲೇಬೇಕು. ಅವಳ ತಾಯಿ ಎಸ್ತೆಫಾನಾ ತೀರಿಕೊಂಡು ಎರಡು ವರ್ಷವಾಗುತ್ತ ಬಂದಿತ್ತು. ಅಂಥ ನಾಚಿಕೆಯ ಹೆಂಗಸನ್ನು ನಾನು ನೋಡಿಲ್ಲ. ಮನೆಗೆ ಯಾರೇ ಬರಲಿ, ಸೆರಗು ಬಾಯಿಗೆ ಒತ್ತಿಕೊಂಡು ಒಲೆಯ ಹತ್ತಿರ ಸರಿದುಬಿಡುವಳು. ಅಲ್ಲಿಂದ ರೊಟ್ಟಿ ತಟ್ಟಿ ತಟ್ಟಿ ಕಳಿಸುವಳು. ಬಂದವರೆಲ್ಲ ಉಂಡು ಎದ್ದು ಹೋಗಿ, ನಾಯಿಗೂ ಹಾಕಿ ಆದ ಮೇಲೆ ನಿಂತುಕೊಂಡೇ ಏನಾದರೂ ಬಾಯಿಗೆ ಹಾಕಿಕೊಳ್ಳುವಳು. ಒಮ್ಮೆ ಬಿಷಪ್ಪರು ಊರಿಗೆ ಬಂದು ಇವರ ಮನೆಯಲ್ಲಿ ನೀರು ಕುಡಿದಾಗ, ಅವರ ಕಾರು ಹೊರಡುವ ತನಕ ಕೋಳಿಗೂಡಿನ ಹಿಂದೆ ಕೂತಿದ್ದಳು. ಅವಳು ಸತ್ತ ಮೇಲಿನ ಮೊದಲ ಹಬ್ಬಕ್ಕೆ ಸರಿಯಾಗಿ ಚಂಡಮಾರುತ ಬಂತು. ಊರೆಲ್ಲ ತಾಲ್ಲೂಕಿನ ಶಾಲೆಯೊಂದರಲ್ಲಿ ಚಾಪೆ ಹಾಸಿ ಮಲಗಿತ್ತು. ಇಲ್ಲಿ ಮನೆಗೆ ಬೀಗ, ಎಡೆ ಇಲ್ಲ, ಮೇಣದಬತ್ತಿ ಇಲ್ಲ. ಎಸ್ತೆಫಾನಾ ಬಂದು ಬಾಗಿಲು ನೋಡಿ ಹೋಗಿರಬೇಕು. ಆ ಕೊರಗು ಬಸಿಲಿಯಾಳನ್ನು ಇಡೀ ವರ್ಷ ತಿಂದಿತ್ತು. ಈ ಸಲ ಅಮ್ಮನಿಗೆ ಮೇಜಿನ ನಡುವಿನ ಕುರ್ಚಿ ಎಂದು ಅವಳು ಒಂದು ಟರ್ಕಿ ಕೋಳಿಯನ್ನು ಮಗುವಿನಂತೆ ಸಾಕಿದ್ದಳು.

"ಬಿಷಪ್ಪರಿಗೇ ಕೋಳಿಗೂಡಿನ ಹಿಂದೆ ಹೋದೋಳು," ಎಂದಳು ಬಸಿಲಿಯಾ, "ಗರಿ ಕಟ್ಕೊಂಡ ದೊರೆ ಕೂತಿದ್ರೆ ಮೇಜಿಗೆ ಬರ್ತಾಳಾ? ಗೇಟಿನಿಂದಲೇ ವಾಪಸ್ ಹೋಗ್ತಾಳೆ. ಈ ವರ್ಷಾನೂ ಹಸ್ಕೊಂಡೇ ಹೋಗ್ತಾಳೆ."

ನಿಕನೋರ್ ಟೋಪಿಯ ಅಂಚನ್ನು ಸುತ್ತಲೂ ತಿರುಗಿಸಿದ, ಅಲ್ಲಿ ಎಲ್ಲೋ ಉತ್ತರ ಹೊಲಿದಿದೆಯೇನೋ ಎಂಬಂತೆ.

ಮರುದಿನ ಬೆಳಿಗ್ಗೆ ಗಿರಣಿಯಲ್ಲಿ ಹಿಟ್ಟಿಗಿಂತ ಮೊದಲು ಈ ಸುದ್ದಿ ಬಿದ್ದಿತು. ನಾನು ಹೇಳಲಿಲ್ಲ. ನಿಕನೋರ್ ಒಂದೊಂದು ಸವಾರಿಯಲ್ಲಿ ಇಬ್ಬಿಬ್ಬರಿಗೆ ಹೇಳಿ ತಂದಿಳಿಸುತ್ತಿದ್ದ.

ಹೆಂಗಸರ ಮೊದಲ ಚಿಂತೆ ಅಡುಗೆಯದು. ದೊರೆಯ ಕಾಲದಲ್ಲಿ ಹಂದಿ ಇರಲಿಲ್ಲ, ಅದು ಪಾದ್ರಿಗಳ ಹಡಗಿನಲ್ಲಿ ಬಂದದ್ದು, ಹಾಗಾಗಿ ಹಂದಿಯ ಕೊಬ್ಬು ಹಾಕುವಂತಿಲ್ಲ. ಕೊಬ್ಬಿಲ್ಲದೆ ಹಬ್ಬದ ಕಡುಬು ಮಾಡಿದರೆ ನಮ್ಮ ಹಿರಿಯರು ಸಿಟ್ಟಾಗುತ್ತಾರೆ. ಎರಡು ಬಗೆ ಮಾಡಬೇಕೆಂದು ತೀರ್ಮಾನವಾಯಿತು. ಆಮೇಲೆ ಮುನ್ನೂರು ಜನರ ಚಿಂತೆ. ಇಲ್ಲಿ ನಮ್ಮೂರಿನ ದೊಡ್ಡತನ ಒಪ್ಪಿಕೊಳ್ಳಬೇಕು. ಒಂದು ಮನೆಯ ಮೇಲೆ ಅಷ್ಟು ಭಾರ ಹಾಕಬಾರದೆಂದು ಹೆಂಗಸರು ದೊರೆಯ ಪರಿವಾರವನ್ನು ಹಂಚಿಕೊಂಡರು.

"ನಕ್ಷತ್ರ ನೋಡೋ ಜೋಯಿಸರು ಇದ್ರೆ ನಮ್ಮನೇಗೆ ಕಳಿಸಿ," ಎಂದಳೊಬ್ಬಳು. "ಮಗಳ ಮದುವೆ ವಿಚಾರ ಕೇಳ್ಬೇಕು."

"ಕಹಳೆಯೋರು ನಮಗೆ ಬೇಡಪ್ಪ. ತೊಟ್ಟಿಲಲ್ಲಿ ಕೂಸಿದೆ."

"ಬಾಯಿ ಒರೆಸೋರು ನಮ್ಮನೇಗೆ ಬರ್ಲಿ. ನಮ್ಮ ಮಾವನಿಗೆ ಬೇಕಾಗಿತ್ತು."

ಬಲಿಗೆ ತಲೆ ಕಡಿಯುವವನನ್ನು ಮಾತ್ರ ಯಾರೂ ಕೇಳಲಿಲ್ಲ. ಬಹಳ ಹೊತ್ತು ಚರ್ಚೆಯಾಗಿ, ಅಂಥವರು ಸರ್ಕಾರದ ಜವಾಬ್ದಾರಿಯೆಂದು ಅವನನ್ನು ಊರಿನ ಮುಖ್ಯಸ್ಥ ಕಮಿಸಾರಿಯೋನ ಮನೆಗೆ ಬರೆದರು.

ಪ್ರಾರ್ಥನೆ ಹೇಳಿಸುವ ಗೌದೆನ್ಸಿಯಾ, ಎಲ್ಲರೂ ಗೌರವದಿಂದ ದೋನ್ಯಾ ಎನ್ನುವವಳು, ಜಪಮಾಲೆ ಹಿಡಿದೇ ಬಂದಳು. ಊರಿನ ಸತ್ತವರೆಲ್ಲರ ಹೆಸರು ಅವಳ ನಾಲಿಗೆಯಲ್ಲಿವೆ.

"ದೀಕ್ಷಾಸ್ನಾನ ಆಗಿದ್ಯಾ ಅವನಿಗೆ?" ಎಂದು ನಿಕನೋರನನ್ನು ಕೇಳಿದಳು.

"ಆಗ ಪಾದ್ರಿಗಳೇ ಇರ್ಲಿಲ್ಲ ದೋನ್ಯಾ."

"ಅದಕ್ಕೆ ನಾನೇನು ಮಾಡ್ಲಿ? ಹೆಸರೂ ಇಲ್ಲ, ಸ್ನಾನಾನೂ ಇಲ್ಲ. ಯಾರ ಆತ್ಮಕ್ಕೆ ಶಾಂತಿ ಸಿಗ್ಲಿ ಅಂತ ಹೇಳ್ಲಿ? ಗರಿ ಕಟ್ಕೊಂಡೋನಿಗೆ ಅಂತಾನಾ? ಮೇಲೆ ಗರಿ ಕಟ್ಕೊಂಡ ಯಾವನೋ ಕಹಳೆಯೋನಿಗೆ ಹೋಗಿ ಸೇರುತ್ತೆ."

ಕಮಿಸಾರಿಯೋ ದೋನ್ ಹಸಿಂತೋ ಪೋತ್ ಮಧ್ಯಾಹ್ನ ಬಂದ. ಊರಿನ ಸರ್ಕಾರವೆಂದರೆ ಅವನೇ. ಅವನ ಹತ್ತಿರ ಒಂದು ಮೊಹರು, ಒಂದು ಭುಜಪಟ್ಟಿ, ಮತ್ತು ಕೆಟ್ಟು ನಿಂತ ನೀರಿನ ಪಂಪು ಇತ್ತು.

"ಊರಿಗೆ ದೊರೆ ಬರ್ತಾನೆ, ಕಮಿಸಾರಿಯೋಗೆ ಸುದ್ದಿ ಹೆಂಗಸರಿಂದ ಗೊತ್ತಾಗುತ್ತೆ," ಎಂದ. "ಇದು ಸರೀನಾ ದೋನ್ ನಿಕನೋರ್?"

"ಬನ್ನಿ, ಊಟ ಮಾಡೋಣ," ಎಂದ ನಿಕನೋರ್.

"ನಂದಾಯ್ತು. ಕೇಳಿ, ಹೆದ್ದಾರಿ ತಿರುವಿನಿಂದ ನಿಮ್ಮನೇ ತನಕ ಎರಡೂ ಕಡೆ ಮೇಣದಬತ್ತಿ. ನಾನು ಪಟ್ಟಿ ಹಾಕ್ಕೊಂಡು ಎದುರುಗೊಳ್ತೀನಿ. ಒಂದು ತುತ್ತೂರಿ, ಒಂದು ಡೊಳ್ಳು ಹೇಳಿದ್ದೀನಿ. ಊಟ ಆದ್ಮೇಲೆ ಪಂಪಿನ ವಿಚಾರ ಪ್ರಸ್ತಾಪ ಮಾಡ್ತೀನಿ."

"ಸತ್ತ ದೊರೆ ಅವನು ದೋನ್ ಹಸಿಂತೋ," ಎಂದೆ ನಾನು.

"ಬದುಕಿರೋರಿಗೆ ಹೇಳಿ ಹೇಳಿ ಏನಾಯ್ತು?" ಎಂದ.

ಊರಿಗೆ ಊರೇ ಸಡಗರದಲ್ಲಿತ್ತು. ನಗು ಇಲ್ಲದ್ದು ಬಸಿಲಿಯಾಳ ಮುಖದಲ್ಲಿ ಮಾತ್ರ. ಸಂಜೆ ಗಂಡನನ್ನು ನನ್ನ ಗಿರಣಿಗೆ ಎಳೆದುಕೊಂಡು ಬಂದಳು. "ಅಕ್ಕ, ನಾಳೆ ಇವರನ್ನ ಕರ್ಕೊಂಡು ಹೋಗಿ. ಕರೆದ ಬಾಯಿಂದಲೇ ಬರಬೇಡ ಅನ್ಬೇಕು. ನನ್ನ ಅಮ್ಮನಿಗೆ ಒಂದು ದಿನ, ಒಂದು ಊಟ. ಅಷ್ಟೂ ಇವರಿಂದ ಆಗಲ್ಲ ಅಂದ್ರೆ ಹೇಗೆ?"

ಆಗ ನಿಕನೋರನ ಕಣ್ಣಲ್ಲಿ ನೀರು ಬಂದದ್ದನ್ನು ನಾನು ನೋಡಿದೆ. ಎಸ್ತೆಫಾನಾ ಅವನಿಗೂ ರೊಟ್ಟಿ ತಟ್ಟಿ ಕಳಿಸಿದವಳೇ.

ಹೀಗೆ ನಾವು ಮತ್ತೆ ಪ್ರವಾಸ ಹೊರಟೆವು. ಆ ಕೋಣೆಗೆ ಗೈಡಿಲ್ಲದೆ ಬಿಡುವುದಿಲ್ಲ, ಆದ್ದರಿಂದ ಅಲ್ದೋನ ಹಿಂಡನ್ನೇ ಸೇರಿಕೊಂಡೆವು. ನಮ್ಮನ್ನು ಕಂಡು ಅವನಿಗೆ ಬಹಳ ಸಂತೋಷವಾಯಿತು. ಅವನ ಪ್ರವಾಸಕ್ಕೆ ಎರಡನೆಯ ಸಲ ಬಂದವರು ಲೋಕದಲ್ಲಿ ನಾವಿಬ್ಬರೇ ಅಂತೆ. ಮುಟ್ಟಬಾರದು, ಹತ್ತಬಾರದು, ಸಭ್ಯರಾಗಿದ್ದರು ಎಲ್ಲವನ್ನೂ ಮತ್ತೆ ಕೇಳಿ ಕೋಣೆಗೆ ಬಂದೆವು. ದೊರೆ ಹಾಗೆಯೇ ಕೈ ಚಾಚಿ ಕೂತಿದ್ದ. ಉಡ ಇರಲಿಲ್ಲ, ಅದೊಂದು ಅನುಕೂಲ.

ನಿಕನೋರ್ ಟೋಪಿ ತೆಗೆದು ಮುಂದೆ ಬಂದ. ಬಿಳಿಯ ಜನ ಸರಿದು ಜಾಗ ಕೊಟ್ಟರು.

"ದೊರೆ, ನಾನೇ. ಮೊನ್ನೆ ಕರೆದಿದ್ನಲ್ಲ," ಎಂದು ಶುರುಮಾಡಿದ. "ಅದೇನಂದ್ರೆ, ದಾರಿ ಬಹಳ ಕೆಟ್ಟಿದೆ. ಬರೀ ಗುಂಡಿ. ನಿಮಗೆ ಸುಮ್ನೆ ತ್ರಾಸ. ಮನೇನೂ ಚಿಕ್ಕದು. ಮತ್ತೆ ನಮ್ಮತ್ತೆ ಬರ್ತಾರೆ, ಅವರಿಗೆ ಜನ ಅಂದ್ರೆ ನಾಚಿಕೆ. ಹೋದ ವರ್ಷ ಅವರು ಊಟ ಇಲ್ದೆ ಹೋದ್ರು. ಹಾಗಾಗಿ…"

ನಿಂತ. ಚಾಚಿದ ಆ ಅಂಗೈಯನ್ನೇ ನೋಡಿದ. ಬರಬೇಡಿ ಎಂಬ ಮಾತನ್ನು ಅವನು ಹುಟ್ಟಿದಾಗಿನಿಂದ ಯಾರಿಗೂ ಆಡಿದವನಲ್ಲ. ಅದು ಹೊರಗೆ ಬರುವ ದಾರಿ ಅವನ ಮೈಯಲ್ಲೇ ಇರಲಿಲ್ಲ.

"ಹಾಗಾಗಿ ಸ್ವಲ್ಪ ಬೇಗ ಬಂದ್ಬಿಡಿ," ಎಂದ.

ನಾನು ಅವನ ರಟ್ಟೆ ಹಿಡಿದು ಎಳೆದೆ. ಅಷ್ಟರಲ್ಲಿ ಕೋಣೆಯ ತುಂಬ ಫೋನುಗಳು ಎದ್ದಿದ್ದವು. ಅಲ್ದೋ ದನಿ ತಗ್ಗಿಸಿ, ಇದು ಮಳೆಗಾಗಿ ಮಾಡುವ ಬಹಳ ಪುರಾತನ ಪ್ರಾರ್ಥನೆ, ಇದನ್ನು ಬಲ್ಲವರು ಈಗ ಯಾರೂ ಉಳಿದಿಲ್ಲ ಎಂದು ವಿವರಿಸುತ್ತಿದ್ದ. ಎಲ್ಲರೂ ತಲೆ ಬಾಗಿಸಿ ನಿಂತರು. ಒಬ್ಬ ಹೆಂಗಸು ಕಣ್ಣೊರೆಸಿಕೊಂಡಳು. ನಾನೂ ಒರೆಸಿಕೊಂಡೆ, ನನ್ನ ಕಾರಣ ಬೇರೆ.

ಹೊರಗೆ ಬಾಗಿಲ ಕಾವಲುಗಾರನೊಬ್ಬ ಕಿತ್ತಳೆ ಸುಲಿಯುತ್ತ ಕೂತಿದ್ದ. ನಿಕನೋರ್ ಸುಮ್ಮನಿರಲಾರದೆ ಅವನನ್ನು ಕೇಳಿದ. "ಹಬ್ಬಕ್ಕೆ ಇವನಿಗೆ ಯಾರು ಎಡೆ ಇಡ್ತಾರೆ?"

"ಯಾರಿಗೆ? ದೊರೆಗಾ?" ಕಾವಲುಗಾರ ನಕ್ಕ. "ಹಬ್ಬದ ದಿನ ನಮಗೂ ರಜೆ. ಬೀಗ ಹಾಕಿ ನಾನು ನಮ್ಮಜ್ಜಿಗೆ ಎಡೆ ಇಡೋಕೆ ಹೋಗ್ತೀನಿ. ಇವನಿಗೆ ಯಾರಿದ್ದಾರೆ?"

ಮನೆಗೆ ಬಂದು ನಿಕನೋರ್ ಒಂದನ್ನೂ ಮುಚ್ಚಿಡಲಿಲ್ಲ. ಬೇಡ ಅನ್ನಲು ಹೋಗಿ ಬೇಗ ಬನ್ನಿ ಎಂದದ್ದನ್ನು, ಫೋನುಗಳನ್ನು, ಕಿತ್ತಳೆಯನ್ನು ಕೂಡ ಹೇಳಿದ. ಬಸಿಲಿಯಾ ಒಲೆಯ ಮುಂದೆ ಕೂತು ಕೆಂಪು ಮಸಾಲೆ ಅರೆಯುತ್ತಿದ್ದಳು. ಗುಂಡುಕಲ್ಲು ಎಲ್ಲಿ ಹಾರಿ ಬರುತ್ತದೋ ಎಂದು ನಾನು ಬಾಗಿಲಿಗೆ ಒರಗಿ ನಿಂತಿದ್ದೆ.

"ಒಬ್ರೂ ಇಲ್ವಂತಾ?" ಎಂದಳು.

"ಬೀಗ ಹಾಕ್ತಾರಂತೆ."

"ಅಷ್ಟು ಜನ ಅವನ ಮುಂದೆ ಬಂದು ನಿಂತು ಹೋಗ್ತಾರಲ್ಲ. ಯಾರೂ ಏನೂ ತರಲ್ವಾ?"

"ನೀರಿನ ಬಾಟ್ಲಿನೂ ಒಳಗೆ ಬಿಡಲ್ಲ ಬಸಿಲಿಯಾ," ಎಂದೆ.

ಅವಳು ಅರೆಯುವುದನ್ನು ನಿಲ್ಲಿಸಿದಳು. ಒಲೆಗೆ ಒಂದು ಕಟ್ಟಿಗೆ ತಳ್ಳಿದಳು. "ಆ ಮುನ್ನೂರು ಜನ ಅವನ ಹಿಂದೆ ಯಾಕೆ ಬರ್ತಾರೆ ಅಕ್ಕ?" ಎಂದಳು. "ಚಾಕರಿ ಮಾಡ್ತಿದ್ದೋರಿಗೆ ಮಕ್ಕಳು ಮೊಮ್ಮಕ್ಕಳು ಇದ್ರು. ಅವರು ವರ್ಷಾ ವರ್ಷಾ ಅವರವರ ಮನೇಗೆ ಬರ್ತಾನೇ ಇದ್ದಾರೆ. ಇಲ್ಲಿಗೇ, ನಮ್ಮಗಳ ಮನೇಗೇ. ಎಲ್ಲೂ ಹೋಗೋಕೆ ಇಲ್ದೋನು ಅವನೊಬ್ಬನೇ."

ನಾನು ಹಾಗೆ ಯೋಚಿಸಿಯೇ ಇರಲಿಲ್ಲ. ಈ ಸೀಮೆಯಲ್ಲಿ ಅವನಷ್ಟು ದೊಡ್ಡ ಮನೆ ಯಾರಿಗಿದೆ? ಆ ಮನೆಯಲ್ಲಿ ಕೂತು ಕೈ ಚಾಚಿ ಅವನು ಎಷ್ಟು ಹಬ್ಬಗಳನ್ನು ಕಳೆದನೋ. ನೋಡಲು ಬಂದವರೆಲ್ಲ ಅದನ್ನು ಗತ್ತು ಎಂದುಕೊಂಡರು. ನನಗೆ ಆ ದೊರೆಯನ್ನು ನೆನೆದು ಅಯ್ಯೋ ಅನ್ನಿಸಿತು.

ಹಬ್ಬದ ದಿನ ಮಧ್ಯಾಹ್ನ ಬಾಳೆಲೆಯಲ್ಲಿ ಕಟ್ಟಿ ಕೆಂಡದಲ್ಲಿ ಹೂತು ಬೇಯಿಸಿದ ಕಡುಬುಗಳನ್ನು ನೆಲದ ಕುಳಿಯಿಂದ ತೆಗೆದೆವು. ಸುಟ್ಟ ಬಾಳೆಲೆಯ ಘಮ ಬೀದಿಯ ತುಂಬ ಹಬ್ಬಿತ್ತು. ಮೇಜಿನ ಮೇಲೆ ಹೊಸ ಬಟ್ಟೆ, ಹಳದಿ ಹೂ, ಮೇಣದಬತ್ತಿ, ನಡುವಿನ ಕುರ್ಚಿಯ ಮುಂದೆ ಎಸ್ತೆಫಾನಾಳ ಎಡೆ. ಗೌದೆನ್ಸಿಯಾ ಪ್ರಾರ್ಥನೆ ಮುಗಿಸಿದಳು. ಕಮಿಸಾರಿಯೋ ಪಟ್ಟಿ ಹಾಕಿಕೊಂಡು, ತುತ್ತೂರಿ, ಡೊಳ್ಳಿನ ಸಮೇತ ಗೇಟಿಗೆ ಬಂದವನು ಅಲ್ಲೇ ನಿಂತುಬಿಟ್ಟ. ಯಾರೂ ದಿಕ್ಕಿಲ್ಲದ ಆತ್ಮಕ್ಕೆಂದು ಪ್ರತಿ ಮನೆಯವರೂ ಗೇಟಿನ ಹೊರಗೆ ಕಲ್ಲುಗೋಡೆಯ ಮೇಲೆ ಒಂದು ಎಡೆ ಇಡುವುದು ನಮ್ಮಲ್ಲಿ ರೂಢಿ. ಬಸಿಲಿಯಾ ಅಲ್ಲಿ ಎಲ್ಲಕ್ಕಿಂತ ದೊಡ್ಡ ಕಡುಬನ್ನು ಇಡುತ್ತಿದ್ದಳು.

"ಇದು ಯಾರಿಗೆ?" ಎಂದ.

"ದೊರೆಗೆ."

"ದೊರೆನ ಗೇಟಿನ ಹೊರಗೆ ಕೂರಿಸ್ತೀರಾ? ದಿಕ್ಕಿಲ್ಲದೋರ ಜಾಗದಲ್ಲಿ?"

"ಅವನಿಗೆ ಯಾರು ದಿಕ್ಕು ಹೇಳಿ ದೋನ್ ಹಸಿಂತೋ? ಒಂದು ಬತ್ತಿ ಹಚ್ಚೋರು ಒಬ್ಬರನ್ನ ತೋರ್ಸಿ."

ಕಮಿಸಾರಿಯೋ ಪಟ್ಟಿ ಬಿಚ್ಚಿ ಮಡಚಿದ. ತುತ್ತೂರಿಯವನಿಗೆ ಊದಬೇಡ ಎಂದು ಸನ್ನೆ ಮಾಡಿದ. ಪಂಪಿನ ಮಾತು ಎತ್ತಲಿಲ್ಲ.

ಬಸಿಲಿಯಾ ಒಳಗೆ ಬಂದು ನಡುವಿನ ಕುರ್ಚಿಯ ಪಕ್ಕ ನಿಂತಳು. ಬದುಕಿರುವವಳೊಡನೆ ಮಾತಾಡುವಂತೆಯೇ ಮಾತಾಡಿದಳು. "ಅಮ್ಮ, ಗೇಟಿನ ಹತ್ರ ಒಬ್ಬ ನಿಂತಿದ್ದಾನೆ. ಬಹಳ ವರ್ಷದಿಂದ ಊಟ ಮಾಡಿಲ್ಲ. ಅವನಿಗೆ ನಿನಗಿಂತ ನಾಚಿಕೆ, ತಾನಾಗಿ ಒಳಗೆ ಬರಲ್ಲ. ನೀನೇ ಕರ್ಕೊಂಡು ಬಾ, ನೀನೇ ಬಡಿಸು. ಆಮೇಲೆ ನೀನೂ ಕೂತ್ಕೋ. ನಿಂತ್ಕೊಂಡು ತಿನ್ಬೇಡ."

ನನಗೆ ಗೊತ್ತು, ಎಸ್ತೆಫಾನಾ ಬಿಷಪ್ಪರ ಕಣ್ಣಿಗೆ ಬೀಳಲಾರಳು, ಆದರೆ ಹಸಿದವನನ್ನು ಗೇಟಿನಲ್ಲಿ ಬಿಟ್ಟು ಹೋಗುವವಳೂ ಅಲ್ಲ. ಅವಳನ್ನು ಮೇಜಿಗೆ ತರಲು ಲೋಕದಲ್ಲಿ ಇದೊಂದೇ ದಾರಿ ಇತ್ತು. ಮಗಳು ಅದನ್ನು ಕಂಡುಕೊಂಡಿದ್ದಳು.

ಹಿರಿಯರು ಉಂಡು ಹೋದ ಎಡೆಯಲ್ಲಿ ರುಚಿ ಉಳಿಯುವುದಿಲ್ಲ. ಸತ್ವವನ್ನೆಲ್ಲ ಅವರು ಕೊಂಡೊಯ್ದಿರುತ್ತಾರೆ, ನಾವು ಉಣ್ಣುವುದು ಉಳಿದದ್ದನ್ನು. ಬತ್ತಿಗಳು ಗಿಡ್ಡವಾದ ಮೇಲೆ ಬಸಿಲಿಯಾ ತಾಯಿಯ ಎಡೆಯಿಂದ ಒಂದು ಚೂರು ಮುರಿದು ಬಾಯಿಗೆ ಹಾಕಿಕೊಂಡಳು. ಅಗಿದಳು. ಇನ್ನೊಂದು ಚೂರು ಮುರಿದಳು. ಗೇಟಿಗೆ ಹೋಗಿ ಅಲ್ಲಿಯದನ್ನೂ ರುಚಿ ನೋಡಿ ಬಂದಳು.

"ಸಪ್ಪೆ," ಎಂದಳು. "ಒಂದು ಚೂರೂ ರುಚಿ ಇಲ್ಲ ಅಕ್ಕ. ಇಬ್ಬರೂ ಉಂಡಿದ್ದಾರೆ. ಅಮ್ಮ ಉಂಡಿದ್ದಾಳೆ." ಕುರ್ಚಿಯ ಬೆನ್ನು ಹಿಡಿದುಕೊಂಡು ಅತ್ತಳು. ಎರಡು ವರ್ಷದಲ್ಲಿ ಅವಳ ಮುಖ ಅಷ್ಟು ಹಗುರವಾದದ್ದನ್ನು ನಾನು ನೋಡಿರಲಿಲ್ಲ.

ನಾನೂ ಒಂದು ತುತ್ತು ಬಾಯಿಗೆ ಹಾಕಿಕೊಂಡೆ. ಸಪ್ಪೆಯೇ, ಅನುಮಾನವಿಲ್ಲ. ಪಕ್ಕದಲ್ಲಿ ನಿಕನೋರ್ ಅಗಿಯುವುದನ್ನು ನಿಲ್ಲಿಸಿದ್ದ. ಅವನ ಕೈ ನಿಧಾನವಾಗಿ ಅಂಗಿಯ ಜೇಬಿಗೆ ಹೋಯಿತು. ಬಸಿಲಿಯಾ ಟರ್ಕಿಯ ಕೆಲಸದಲ್ಲಿದ್ದಾಗ ಹಿಟ್ಟಿಗೆ ಕಲಸೆಂದು ಬೆಳಿಗ್ಗೆ ನಾನೇ ಅವನ ಕೈಗೆ ಕೊಟ್ಟಿದ್ದ ಉಪ್ಪಿನ ಪೊಟ್ಟಣ ಆ ಜೇಬಿನಲ್ಲಿ, ಕಟ್ಟಿದ ದಾರ ಕಟ್ಟಿದ ಹಾಗೇ, ಉಬ್ಬಿ ಕಾಣುತ್ತಿತ್ತು.

ಅವನು ಬಾಯಿ ತೆರೆದ. ತೆರೆದ ಆ ಬಾಯಿಯಿಂದ ಏನೂ ಬಾರದೆ ಇದ್ದ ಉದಾಹರಣೆ ಊರಿನಲ್ಲಿ ಇಲ್ಲ. ಅವನು ಹೆಂಡತಿಯ ಮುಖ ನೋಡಿದ. ಜೇಬಿನಿಂದ ಬರಿಗೈ ತೆಗೆದು ತಟ್ಟೆಯನ್ನು ಮುಂದೆ ಚಾಚಿದ.

"ಹೌದು ಕಣೇ," ಎಂದ. "ಚೆನ್ನಾಗಿ ಉಂಡಿದ್ದಾರೆ. ನನಗೆ ಇನ್ನೊಂದು ಚೂರು ಹಾಕು."